ಬೇವಿನ ಗಿಡಕ್ಕೆ ಕಟ್ಟಿದ ಕಾದಂಬರಿ

ನನಗೊಂದು ಕೆಟ್ಟ ಚಟವಿದೆ. ಕಾದಂಬರಿ ಓದುವಾಗ ಯಾವುದಾದರೂ ವಸ್ತುವಿನ ವರ್ಣನೆ ಬಂತೆಂದರೆ ಆ ಸಾಲುಗಳ ಮೇಲೆ ಅಂಗೈ ಇಟ್ಟುಬಿಡುತ್ತೇನೆ. 'ಅವಳ ಕೊರಳಲ್ಲಿ ಒಂದು ಸರವಿತ್ತು' ಎಂಬಲ್ಲಿಯವರೆಗೆ ಸರಿ. ಮುಂದೆ ಆ ಸರಕ್ಕೆ ಎಂಥ ಪದಕ, ಪದಕದಲ್ಲಿ ಯಾವ ಹರಳು, ಹರಳಿನ ಪಕ್ಕದಲ್ಲಿ ಎಷ್ಟು ಸವೆದಿದೆ ಎಂದು ಲೇಖಕರು ಶುರು ಮಾಡಿದರೋ, ನನ್ನ ಎಡಗೈ ತಾನಾಗಿ ಹೋಗಿ ಪುಟದ ಮೇಲೆ ಕೂರುತ್ತದೆ. ನಮ್ಮ ಓಣಿಯ ಹೆಣ್ಣುಮಕ್ಕಳು ಆಗಾಗ ಸೇರಿ, ಓದಿದ ಪುಸ್ತಕದ ಬಗ್ಗೆ ಅಭಿಪ್ರಾಯ ಹೇಳುವ ಕೂಟವೊಂದಿದೆ. ಅಲ್ಲಿ ಯಾರಾದರೂ "ಆ ಪದಕದ ವರ್ಣನೆ ಎಷ್ಟು ಚೆಂದ ಅಲ್ಲವೇ?" ಎಂದರೆ ನಾನು ಚಹದ ಬಟ್ಟಲು ನೋಡುತ್ತ ಕೂತಿರುತ್ತೇನೆ. ಪಾಪ, ವಯಸ್ಸಾಯಿತು, ಮರೆತಿದ್ದಾರೆ ಎಂದು ಅವರು ತಮ್ಮತಮ್ಮಲ್ಲೇ ಅಂದುಕೊಳ್ಳುತ್ತಾರೆ. ಮರೆತಿಲ್ಲ ತಾಯಂದಿರೇ, ಓದಿಯೇ ಇಲ್ಲ. ಓದಬಾರದೆಂದು ನನಗೆ ಕಲಿಸಿದವಳು ನನ್ನ ಅತ್ತೆ. ಅವಳಿಗೆ ಓದಲು ಬರುತ್ತಿರಲಿಲ್ಲ.

ಅತ್ತೆಯನ್ನು 'ಅವಳು' ಎಂದು ಬರೆಯುತ್ತಿದ್ದೇನೆ, ಕ್ಷಮಿಸಬೇಕು. ಎದುರಿಗೆ 'ರಿ' ಹಚ್ಚದೆ ಒಂದು ಮಾತನಾಡುವ ಎದೆಗಾರಿಕೆ ನನಗಿರಲಿಲ್ಲ. ಈ ಸಲಿಗೆಯೆಲ್ಲ ಆಮೇಲೆ ಬಂದದ್ದು.

ನಾನು ಇಂಡಿ ಕಡೆಯ ಹುಡುಗಿ. ಮುಲ್ಕಿ ಪಾಸಾಗಿದ್ದೆ. ಕನ್ನಡ ಏಳನೆಯ ಇಯತ್ತೆಯ ಕೊನೆಯ ಆ ಪರೀಕ್ಷೆ ಪಾಸಾದವರಿಗೆ ಆ ಕಾಲದಲ್ಲಿ ಮಾಸ್ತರಿಕೆ ಸಿಗುತ್ತಿತ್ತು. ನನಗೆ ಸಿಕ್ಕಿದ್ದು ಸೊಲ್ಲಾಪುರದ ಗಂಡ. ಅವರು ಗಿರಣಿಯಲ್ಲಿ ಕೆಲಸಕ್ಕಿದ್ದರು. ಗಿರಣಿಯ ಭೋಂಗಾ ಕೂಗಿದರೆ ಗೋಡೆಗೆ ಆನಿಸಿಟ್ಟ ತಾಟು ನಡುಗುವಷ್ಟು ಹತ್ತಿರದ ಒಂದು ಚಾಳಿನಲ್ಲಿ ನಮಗೆ ಎರಡು ಕೋಣೆ. ಮಾವ ನಾನು ಬರುವ ಮೊದಲೇ ತೀರಿಕೊಂಡಿದ್ದರು. ಮನೆಯಲ್ಲಿ ಅತ್ತೆ ನೀಲವ್ವ, ಅವಳ ಮಗ, ನಾನು. ಆಡುವ ಮಾತೆಲ್ಲ ಕನ್ನಡ, ಕಾಣುವ ಅಕ್ಷರವೆಲ್ಲ ಮರಾಠಿ. ನನ್ನ ಗಂಡ ಮರಾಠಿ ಶಾಲೆಯಲ್ಲಿ ಕಲಿತವರು, ಕನ್ನಡದ ಅಕ್ಷರ ಕಂಡರೆ "ಜಿಲೇಬಿ" ಎನ್ನುತ್ತಿದ್ದರು. ತವರಿನಿಂದ ಬರುವಾಗ ಟ್ರಂಕಿನ ತಳಕ್ಕೆ ಕನ್ನಡ ಪತ್ರಿಕೆಯ ಹಾಳೆಯೊಂದನ್ನು ಹಾಸಿಕೊಂಡು ಬಂದಿದ್ದೆ. ಅದನ್ನೇ ತೆಗೆದು ತೆಗೆದು ಓದಿ, ಯಾವುದೋ ವರ್ಷದ ಹತ್ತಿಯ ಧಾರಣೆ ನನಗೆ ಬಾಯಿಪಾಠವಾಗಿತ್ತು. ಅತ್ತೆ ನನ್ನನ್ನು ಹೆಸರು ಹಿಡಿದು ಕರೆದವಳಲ್ಲ. "ಏ ಮುಲ್ಕಿ, ನೀರ ಕಾದಾವೇನು ನೋಡು." ಅಷ್ಟೇ ನಮ್ಮ ಮಾತುಕತೆ.

ಒಂದು ರವಿವಾರ ಗಂಡ ನವಿ ಪೇಠೆಗೆ ಹೋಗಿ ಬಂದವರು ಅಂಗಿಯೊಳಗಿಂದ ಏನನ್ನೋ ತೆಗೆದು "ನಿನಗ ಜಿಲೇಬಿ ತಂದೀನಿ" ಎಂದರು. ನೋಡಿದರೆ ಕನ್ನಡ ಪುಸ್ತಕ. ಮೇಲಿನ ರಟ್ಟಿಲ್ಲ, ಮೊದಲ ಹಾಳೆಯಿಲ್ಲ. ಅದರ ಹೆಸರೇನು, ಬರೆದವರು ಯಾರು ಎಂಬುದು ನನಗೆ ಇವತ್ತಿಗೂ ಗೊತ್ತಿಲ್ಲ. ನಾನು ಕೈ ಚಾಚಿದೆ. ಅತ್ತೆಯ ಕೈ ಮೊದಲು ಬಂತು.

"ಯಾರದಿದು?" ಎಂದಳು ಮಗನಿಗೆ.

"ಅರಿವಿ ಅಂಗಡಿ ಕಟ್ಟಿ ಮ್ಯಾಲ ಬಿದ್ದಿತ್ತವ್ವಾ. ಸಿಕ್ಕಿತು, ತಂದೆ."

"ಸಿಕ್ಕಿದ್ದನ್ನ ಮನಿಯೊಳಗ ತರತಾರೇನು? ಕಳಕೊಂಡಾಂವ ಎಲ್ಲಿ ಬಂದು ಹುಡುಕಬೇಕು? ನಿನ್ನ ಅಂಗ್ಯಾಗ?"

ನನ್ನ ಗಂಡ ಅದೇ ಕಾಲಲ್ಲಿ ನವಿ ಪೇಠೆಗೆ ತಿರುಗಿ ಹೋದರು. ಅಂಗಡಿಯವನು ಪುಸ್ತಕವನ್ನು ತಿರುವಿ ಮುರುವಿ ನೋಡಿ, "ಕಾನಡಿ ಪುಸ್ತಕ? ರಾಹೂ ದೇ ತುಝ್ಯಾಕಡೇಚ" ಎಂದನಂತೆ. ಇರಲಿ ನಿನ್ನ ಹತ್ತಿರವೇ, ಯಾರಾದರೂ ಕೇಳುತ್ತ ಬಂದರೆ ನಿಮ್ಮ ಚಾಳಿಗೆ ಕಳಿಸುತ್ತೇನೆ ಎಂದು. ಇನ್ನೇನು ನನ್ನ ಕೈಗೆ ಬಂದೇಬಿಟ್ಟಿತು ಎಂದುಕೊಂಡೆ. ಅತ್ತೆ ಹಳೆಯ ಸೀರೆಯ ತುಂಡೊಂದನ್ನು ಹರಿದು ಪುಸ್ತಕಕ್ಕೆ ಸುತ್ತಿದಳು. ಚಾಳಿನ ನಡುವಿನ ಅಂಗಳದಲ್ಲಿ ಬೇವಿನ ಗಿಡವಿತ್ತು. ಅದರ ಟೊಂಗೆಗೆ ಕಟ್ಟಿ, ನಾಲ್ಕೂ ಕಡೆ ಕೇಳುವಂತೆ ಹೇಳಿದಳು: "ಒಂದು ಸಾಮಾನ ಸಿಕ್ಕೈತಿ. ಯಾರದರ ಇದ್ರ ಬಂದು ಖೂನ ಹೇಳಿ ಒಯ್ಯಿರಿ."

ಇದು ಅವಳ ತವರಿನ ರೂಢಿ. ತವರು ಅಕ್ಕಲಕೋಟದ ಆಚೆ ವಾಗದರಿ. ಕುರಿ ಸಾಕುವ ಮನೆತನ, ಬೀರೋಬಾನ ಒಕ್ಕಲು. ಅವಳ ಮಂದಿಯಲ್ಲಿ ದಾರಿಯ ಮೇಲೆ ಏನು ಸಿಕ್ಕರೂ ಮನೆಗೆ ಒಯ್ಯುತ್ತಿರಲಿಲ್ಲ. ಬೀರೋಬಾನ ಗುಡಿಯ ಮುಂದಿನ ಗಿಡಕ್ಕೆ ಅರಿವೆಯಲ್ಲಿ ಸುತ್ತಿ ಕಟ್ಟುತ್ತಿದ್ದರು. ಸುತ್ತುವುದು ಯಾಕೆಂದರೆ, ಒಳಗೇನಿದೆಯೆಂದು ಯಾರಿಗೂ ಕಾಣಬಾರದು. ಕಳೆದುಕೊಂಡವರು ಬಂದು ಎಲ್ಲರೆದುರು ಅದರ ಖೂನ ಹೇಳಬೇಕು. ಖೂನವೆಂದರೆ ಗುರುತು, ಆ ವಸ್ತುವಿನ ಒಡೆಯರಿಗೆ ಮಾತ್ರ ಗೊತ್ತಿರುವಂಥ ಗುರುತು. ಕಂಬಳಿ ಕಳೆದವನು "ಕರೇ ಕಂಬಳಿ" ಎಂದರೆ ಜನ ನಗುತ್ತಾರೆ, ಊರಿನ ಕಂಬಳಿಯೆಲ್ಲ ಕರಿಯವೇ. "ಒಂದು ಮೂಲಿ ಇಲಿ ಕಡದೈತಿ, ನಮ್ಮಾಕಿ ಬಿಳಿ ದಾರಲೇ ಹೊಲದಾಳ" ಎನ್ನಬೇಕು. ಆಗ ಗಂಟು ಬಿಚ್ಚಿ ನೋಡುತ್ತಾರೆ. ಹೊಂದಿದರೆ ಅವನದು. ಆದ್ದರಿಂದ ಸಿಕ್ಕವನು ಖೂನ ಹೇಳಬಾರದು, ಕಳೆದುಕೊಂಡವನು ಬೇರೆ ಯಾರ ಹತ್ತಿರವೂ ಅದನ್ನು ಬಾಯಿಬಿಡಬಾರದು. ಬಾಯಿಬಿಟ್ಟರೆ ನಾಳೆ ಇನ್ನೊಬ್ಬ ಬಂದು ಅದನ್ನೇ ಹೇಳಿ ಒಯ್ಯುತ್ತಾನೆ.

ಈ ರೂಢಿ ಅತ್ತೆಗೆ ಬರಿಯ ರೂಢಿಯಾಗಿರಲಿಲ್ಲ. ನನ್ನ ಗಂಡನಿಗಿಂತ ಮೊದಲು ಅವಳಿಗೊಬ್ಬ ಮಗಳಿದ್ದಳು, ಭಾಗಿ ಎಂದು. ಮಾತು ಬಂದು ಓಡಾಡಿಕೊಂಡಿದ್ದ ಮಗು. ವಾಗದರಿಯಲ್ಲಿ ಜ್ವರ ಬಂದು ಹೋಗಿಬಿಟ್ಟಿತು. ಅದರ ಮೈಮೇಲಿದ್ದ ಬೆಳ್ಳಿಯದೊಂದನ್ನು ಸೆರಗಿನ ತುದಿಗೆ ಗಂಟು ಹಾಕಿಕೊಂಡು ಅತ್ತೆ ಸೊಲ್ಲಾಪುರಕ್ಕೆ ಹೊರಟಿದ್ದಾಳೆ. ಅಕ್ಕಲಕೋಟದಲ್ಲಿ ಮೋಟಾರು ಹತ್ತುವ ಗದ್ದಲದಲ್ಲಿ ಗಂಟು ಬಿಚ್ಚಿ ಅದು ಬಿದ್ದುಹೋಗಿದೆ. ಆ ಮಗುವಿನದೆಂದು ಉಳಿದದ್ದು ಅದೊಂದೇ ಆಗಿತ್ತು. ಅಂಥದೇ ಇನ್ನೊಂದನ್ನು ಮಾಡಿಸಿಕೊಡುತ್ತೇನೆ ಎಂದು ಮಾವ ಎಷ್ಟೋ ಸಲ ಹೇಳಿದ್ದರಂತೆ. "ಸಾಮಾನ ಮಾಡಸ್ತಿ, ಖೂನ ಹ್ಯಾಂಗ ಮಾಡಸ್ತಿ?" ಎಂದು ಅತ್ತೆ ಅವರ ಬಾಯಿ ಮುಚ್ಚಿಸಿದ್ದಳು. ಆ ಖೂನವೇನೆಂದು ಮಾವನಿಗೂ ಗೊತ್ತಿರಲಿಲ್ಲ.

ಮದುವೆಯಾದ ಹೊಸತರಲ್ಲಿ ಒಮ್ಮೆ ನನ್ನನ್ನು ಅಕ್ಕಲಕೋಟಕ್ಕೆ ಕರೆದುಕೊಂಡು ಹೋಗಿದ್ದಳು. ಮಠಕ್ಕೆಂದು ತಿಳಿದು ನಾನು ಹೂವು ಮುಡಿದು ಹೋಗಿದ್ದೆ. ಮಠ ಆಮೇಲೆ. ಮೊದಲು ಮೋಟಾರು ನಿಲ್ಲುವ ಜಾಗದ ಸುತ್ತಲಿನ ಅಂಗಡಿಗಳು. ಒಂದೊಂದಕ್ಕೂ ಹೋಗಿ ಅದೇ ಮಾತು: "ನಂದೊಂದು ಬೆಳ್ಳಿ ಸಾಮಾನ ಸಿಕ್ಕೈತೇನ್ರಿ?"

"ಎಂಥಾದ್ದವ್ವಾ?" ಎಂದ ಪಾನಪಟ್ಟಿ ಅಂಗಡಿಯವನು.

"ಅದನ್ನ ನೀವು ಕೇಳಬ್ಯಾಡ್ರಿ. ಸಿಕ್ಕಿದ್ರ ಹ್ಞೂ ಅನ್ರಿ, ಖೂನ ನಾ ಹೇಳ್ತೀನಿ."

"ಎಂಥಾದ್ದು ಅಂತ ಹೇಳದ ಹ್ಯಾಂಗ ಹ್ಞೂ ಅನ್ನಲಿ?"

"ಹ್ಞೂ ಅನ್ನದ ಹ್ಯಾಂಗ ಹೇಳಲಿ?"

ಅವನು ನಕ್ಕು ನನ್ನ ಕಡೆ ನೋಡಿದ. ನಾನು ನಾಚಿಕೆಯಿಂದ ಸೆರಗು ಮುಂದಕ್ಕೆ ಎಳೆದುಕೊಂಡೆ. ಅವರಿಬ್ಬರ ಈ ಸಂಭಾಷಣೆ ನಾನು ಹುಟ್ಟುವ ಮೊದಲಿನಿಂದ ನಡೆದುಬಂದಿತ್ತೋ ಏನೋ, ಇಬ್ಬರಿಗೂ ಬೇಸರವಿದ್ದಂತೆ ಕಾಣಲಿಲ್ಲ.

ಇರಲಿ, ಪುಸ್ತಕ ಬೇವಿನ ಗಿಡದಲ್ಲಿ ನೇತಾಡುತ್ತಿತ್ತು. ಬರುವ ಅಮವಾಸ್ಯೆಯವರೆಗೆ ಯಾರೂ ಮುಟ್ಟಬಾರದು. ಗಾಳಿಗೆ ಅರಿವೆ ಸರಿದು ಅದರ ಒಂದು ಮೂಲೆ ಹೊರಗೆ ಬಂದಿತ್ತು. ಗಿಡದ ಕೆಳಗೆ ನಿಂತು ಕತ್ತು ವಾಲಿಸಿದರೆ ಅರ್ಧರ್ಧ ಸಾಲು ಸಿಗುತ್ತಿದ್ದವು. 'ಳನ್ನು ನೆನೆದು', 'ಣ್ಣೀರು ತಡೆಯಲಾರದೆ', 'ಎಂದಿಗೂ ಮರಳಿ'. ಉಳಿದರ್ಧವನ್ನು ನಾನೇ ಕಟ್ಟಿಕೊಂಡು ಮುಸುರೆ ತಿಕ್ಕುತ್ತಿದ್ದೆ. ಆಮೇಲೆ ಇಡೀ ಪುಸ್ತಕ ಓದಿದಾಗ, ನಾನು ಕಟ್ಟಿಕೊಂಡದ್ದೇ ಚೆನ್ನಾಗಿತ್ತು ಅನ್ನಿಸಿತು.

"ಏ ಮುಲ್ಕಿ, ಬೇವಿನ ಗಿಡದ ಬುಡಕ ಏನೈತಿ?" ಎಂದಳು ಅತ್ತೆ ಒಂದು ದಿನ.

"ಹಲ್ಲ ತಿಕ್ಕಾಕ ಕಡ್ಡಿ ಬೇಕಿತ್ತರಿ ಅತ್ತಿ."

"ಊಟಾದ ಮ್ಯಾಲ ಹಲ್ಲ ತಿಕ್ಕತಾರೇನು ನಿಮ್ಮ ಇಂಡ್ಯಾಗ?"

ನಡುವೆ ಒಬ್ಬ ಹಕ್ಕುದಾರ ಬಂದ. ಬೀದಿಯ ಕೊನೆಯಲ್ಲಿ ಅವಲಕ್ಕಿ ಚೂಡಾ ಮಾರುವವನು. ಸಾಮಾನು ನನ್ನದು ಎಂದ. ಖೂನ ಹೇಳು ಎಂದಳು ಅತ್ತೆ. ಅವನು ಗಿಡದ ಕಡೆ ಕಣ್ಣು ಕಿರಿದು ಮಾಡಿ ನೋಡಿ, ಯೋಚಿಸಿ, "ಕಾಗದದ್ದು ಐತಿ" ಎಂದ. ಚಾಳಿನ ಹೆಂಗಸರು ನಕ್ಕ ನಗೆಗೆ ಅವನು ಎಷ್ಟೋ ದಿನ ನಮ್ಮ ಬೀದಿಯಲ್ಲಿ ಚೂಡಾ ಎಂದು ಕೂಗಲಿಲ್ಲ.

ಅಮವಾಸ್ಯೆ ದಾಟಿತು. ಅತ್ತೆ ಗಂಟು ಬಿಚ್ಚಿ ಪುಸ್ತಕವನ್ನು ನನ್ನ ಕೈಗೆ ಕೊಟ್ಟಳು. "ನಿಂದಲ್ಲ ಇದು. ಒಡಿಯಾ ಬರೂತನಾ ಇಟಗೋ. ಅಂವ ನಾಳಿಗಿ ಬಂದ್ರ ನಾಳಿಗೇ ಕೊಡಬೇಕಾಗ್ತದ. ಓದೋದಿದ್ರ ಲಗು ಓದು."

ಹೀಗೆ ಒಡೆಯ ಯಾವ ಗಳಿಗೆಯಲ್ಲಿ ಬಂದಾನೋ ಎಂಬ ಹೆದರಿಕೆಯಲ್ಲಿ ನಮ್ಮ ಓದು ಶುರುವಾಯಿತು. ಮಧ್ಯಾಹ್ನ ವ್ಯಾಪಾರಿಯ ಮನೆಯಿಂದ ಶೇಂಗಾದ ಚೀಲ ಬರುತ್ತಿತ್ತು, ಒಡೆದು ಕಾಳು ಬೇರೆ ಮಾಡಿಕೊಡಬೇಕು. ಅತ್ತೆ, ಪಕ್ಕದ ಕೋಣೆಯ ಚಂದ್ರಾಬಾಯಿ, ಎದುರು ಕೋಣೆಯ ಕಾಶೀಬಾಯಿ ಸುತ್ತ ಕೂತು ಒಡೆಯುತ್ತಿದ್ದರು. ನಾನು ಓದುತ್ತಿದ್ದೆ. ಓದುವವಳು ಒಡೆಯಬೇಕಿಲ್ಲ ಎಂದು ಅತ್ತೆಯೇ ತೀರ್ಪು ಕೊಟ್ಟಾಗ ನನಗೆ ಮುಲ್ಕಿ ಪಾಸಾದದ್ದು ಮೊದಲ ಸಲ ಸಾರ್ಥಕವೆನಿಸಿತು.

ಕತೆ ಹೀಗಿತ್ತು. ಹೆಂಡತಿಯನ್ನು ಕಳೆದುಕೊಂಡ ಒಬ್ಬ ಗೃಹಸ್ಥ. ಅವಳ ನೆನಪಿಗೆಂದು ಇಟ್ಟುಕೊಂಡಿದ್ದ, ಅವಳು ತಲೆ ಬಾಚುತ್ತಿದ್ದ ದಂತದ ಹಣಿಗೆಯೂ ದಾರಿಯಲ್ಲಿ ಎಲ್ಲೋ ಬಿದ್ದುಹೋಗುತ್ತದೆ. ಅಂದಿನಿಂದ ಅವನು, ಬೇರೆಯವರು ಕಳೆದುಕೊಂಡದ್ದನ್ನೆಲ್ಲ ಹೆಕ್ಕಿ ತಂದು ಒಂದು ಪೆಟ್ಟಿಗೆಯಲ್ಲಿ ಜೋಪಾನ ಮಾಡುತ್ತಾನೆ. ನಾನು ಇವರದನ್ನು ಕಾಯ್ದರೆ ನನ್ನದನ್ನು ಯಾರೋ ಕಾಯ್ದಾರು ಎಂದು ಅವನ ನಂಬಿಕೆ. ಒಂದೊಂದು ಅಧ್ಯಾಯಕ್ಕೆ ಒಂದೊಂದು ವಸ್ತು, ಅದರ ಮೈಯೆಲ್ಲ ಸವರುವಂಥ ವರ್ಣನೆ, ಕೊನೆಗೆ ಅವನ ಕಣ್ಣೀರು. ಹದಿನೆಂಟರ ನನಗೆ ಹೇಳಿ ಬರೆಸಿದಂತಿತ್ತು. ಓದುತ್ತ ಓದುತ್ತ ನನ್ನ ದನಿ ಕಟ್ಟುತ್ತಿತ್ತು. ಕಟ್ಟದಿದ್ದರೂ ನಾನೇ ಸ್ವಲ್ಪ ಕಟ್ಟಿಸಿಕೊಳ್ಳುತ್ತಿದ್ದೆ ಅನ್ನಿ.

ಚಂದ್ರಾಬಾಯಿ ಮೊದಲ ಪುಟದಿಂದಲೇ ಅತ್ತಳು. ಶೇಂಗಾ ಸಿಪ್ಪೆಯ ಧೂಳಿನ ಕೈಯಿಂದ ಕಣ್ಣೊರಸಿಕೊಂಡು, ಅದರ ಉರಿಗೆ ಇನ್ನಷ್ಟು ಅತ್ತಳು. ಅವಳ ಅಭಿಪ್ರಾಯ ಸರಳವಾಗಿತ್ತು: "ಎರಡನೇ ಲಗ್ನ ಮಾಡಬೇಕಿತ್ತು ಅಂವಗ. ಪೆಟಿಗಿ ಗಿಟಿಗಿ ಎಲ್ಲಾ ಮರೀತಿದ್ದ. ಮನ್ಯಾಗ ಹಿರಿಯಾರ ಯಾರೂ ಇರಲಿಲ್ಲೇನು?"

ಕಾಶೀಬಾಯಿಗೆ ಬೇರೆಯೇ ಚಿಂತೆ. "ಈ ಮನಶಾ ಉಂಡದ್ದು ಒಮ್ಮಿನೂ ಬರಲಿಲ್ಲಲ್ಲ? ಮೊದಲಿಂದ ನೋಡಾಕತ್ತೀನಿ, ಹೊಳಿ ದಂಡಿಗಿ ಹೋದ, ಅತ್ತ, ಬಂದ, ಮಲಗಿದ. ರೊಟ್ಟಿ ಯಾವಾಗ ತಿಂದ?" ನಾನು ಪುಟ ಹಿಂದೆ ಮುಂದೆ ಮಾಡಿ ಹುಡುಕಿದೆ. ಖರೆ, ಉಂಡೇ ಇರಲಿಲ್ಲ.

ಅತ್ತೆ ಶೇಂಗಾ ಒಡೆಯುತ್ತಿದ್ದಳು. ಅವನು ಒಂದು ಹಿತ್ತಾಳೆಯ ಸಮೆಯನ್ನು, ಅಂದರೆ ನಿಲ್ಲುವ ದೀಪವನ್ನು, ಹೆಕ್ಕಿ ಪೆಟ್ಟಿಗೆಗೆ ಹಾಕಿದ ಅಧ್ಯಾಯ ಬಂತು. ಅವಳ ಕೈ ನಿಂತಿತು.

"ಇಂವ ಕಳ್ಳ," ಎಂದಳು.

ನನಗೆ ನನ್ನನ್ನೇ ಬೈದಂತಾಯಿತು. "ಇಲ್ಲರಿ ಅತ್ತಿ, ಅಂವ ಭಾಳ ಒಳ್ಳೆಯಂವ. ಕಾಳಜಿಲೇ ಇಟ್ಟಾನ."

"ಪೆಟಿಗ್ಯಾಗ ಇಟ್ರ ಒಡಿಯಾಗ ಹ್ಯಾಂಗ ಕಾಣಬೇಕು? ಗಿಡಕ್ಕ ಕಟ್ಟಬೇಕಿತ್ತು. ಅವನೂರಾಗ ಗಿಡ ಇಲ್ಲೇನು?"

ಗಿಡಗಳು ಬೇಕಾದಷ್ಟಿದ್ದವು. ಅವುಗಳ ಕೆಳಗೇ ಕೂತು ಅವನು ಅಳುತ್ತಿದ್ದುದು. ನಾನು ಮುಂದೆ ಓದಿದೆ. 'ಆ ದೀಪದ ತುದಿಯಲ್ಲಿ...' ಎನ್ನುವಷ್ಟರಲ್ಲಿ ಅತ್ತೆ ಮೊರವನ್ನು ಕೆಳಗಿಟ್ಟಳು.

"ನಿಲ್ಲು. ಖೂನ ಹೇಳಾಕತ್ತಾನಲ್ಲ ಅಂವ? ಎಲ್ಲಾರ ಮುಂದ?"

"ಪುಸ್ತಕದಾಗ ಹಂಗ ಬರೀತಾರರಿ. ಓದಾವರಿಗೆ ಕಣ್ಣಿಗಿ ಕಟ್ಟಿದಂಗ ಆಗಲಿ ಅಂತ."

"ಕಣ್ಣಿಗಿ ಕಟ್ಟಿದ್ರ ಕಳ್ಳಗೂ ಕಟ್ತದ. ನಾಳಿಗಿ ಯಾರರ ಬಂದು ಇದನ್ನ ಹೇಳಿ ದೀಪಾ ಒಯ್ದ್ರ? ಕಳಕೊಂಡಾಕಿ ಎಲ್ಲಿಗಿ ಹೋಗಬೇಕು? ಎಂಥಾ ಹುಚ್ಚ ಬರದಾನ ಇದನ್ನ. ಏ ಮುಲ್ಕಿ, ಆ ಸಾಲ ಕೈಲೇ ಮುಚ್ಚು. ಓದಬ್ಯಾಡ."

ಅಂದಿನಿಂದ ನಮ್ಮ ಓದಿಗೆ ಹೊಸ ಕಾಯಿದೆ ಬಂತು. ವಸ್ತುವಿನ ಹೆಸರು ಬಂದ ಕೂಡಲೇ ನಾನು ನಿಲ್ಲಿಸಿ ಅಂಗೈ ಮುಚ್ಚಬೇಕು. ಅಂಥ ವಸ್ತು ಯಾರದಾದರೂ ಕಳೆದಿದ್ದರೆ ಅವರು ಖೂನ ಹೇಳಬೇಕು. ಆಮೇಲೆ ನಾನೊಬ್ಬಳೇ ನೋಡಿ ಹೊಂದಿತೋ ಇಲ್ಲವೋ ಹೇಳಬೇಕು. ಕಾಶೀಬಾಯಿಯದು ಒಂದು ಹಿತ್ತಾಳೆಯ ಸಮೆ ಯಾವುದೋ ಲಗ್ನದ ಮನೆಯಲ್ಲಿ ಕಳೆದಿತ್ತಂತೆ. ಗೋಡೆಗೆ ಆನಿಕೊಂಡು ಕೂತಿದ್ದವಳು ನೆಟ್ಟಗೆ ಕೂತು, "ನಂದರ ಮ್ಯಾಲ ನವಿಲ ಐತಿ. ಕುತ್ತಿಗಿ ತುಸು ವಾಲೈತಿ" ಎಂದಳು. ನಾನು ಅಂಗೈ ಸರಿಸಿ ನೋಡಿದೆ. ಗಿಳಿ ಇತ್ತು.

"ಹೊಂದಲಿಲ್ಲರಿ."

"ಏನೈತಿ ಅದರಾಗ?"

"ಹೇಳಂಗಿಲ್ಲರಿ," ಎಂದೆ ಅತ್ತೆಯ ಮುಖ ನೋಡಿ.

"ಅಂವಗ ನವಿಲ ಗೊತ್ತಿರಲಿಕ್ಕಿಲ್ಲ. ಶಾಣ್ಯಾ ಮಂದಿ, ಹಕ್ಕಿ ಎಲ್ಲಿ ನೋಡಿರತಾರ? ಇನ್ನೊಮ್ಮಿ ಬರೋಬರ ನೋಡು."

ಎರಡು ದಿನ ಅವಳಿಗೆ ಆ ಲೇಖಕನ ಮೇಲೆ ಸಿಟ್ಟಿತ್ತು. ಅವನು ಅವಳ ದೀಪವನ್ನು ಇಟ್ಟುಕೊಂಡು ಸುಳ್ಳು ಬರೆದಿದ್ದಾನೆ ಎಂದೇ ಅವಳ ನಂಬಿಕೆ. ಹೀಗೆ ಒಂದೊಂದು ವಸ್ತುವಿಗೂ ಚಾಳಿನ ಹೆಂಗಸರು ಎಂದೋ ಕಳೆದದ್ದನ್ನೆಲ್ಲ ಹೊರಗೆ ತೆಗೆದರು. ಪುಸ್ತಕದಲ್ಲಿದ್ದ ಕತೆಗಿಂತ ಅವೇ ದೊಡ್ಡವಾದವು. ಪುಸ್ತಕ ಆಮೆಯ ಹಾಗೆ ಸಾಗುತ್ತಿತ್ತು, ಶೇಂಗಾ ಒಡೆಯುವುದು ಅದಕ್ಕಿಂತ ನಿಧಾನವಾಯಿತು, ವ್ಯಾಪಾರಿ ಬಂದು ಗೊಣಗಿ ಹೋದ. ಆದರೆ ಅತ್ತೆ ಮಾತ್ರ ಯಾವ ವಸ್ತುವಿಗೂ ತನ್ನದೆಂದು ಬಾಯಿ ತೆರೆಯಲಿಲ್ಲ. ಬೆಳ್ಳಿಯದೇನಾದರೂ ಬರುತ್ತದೆಯೇ ಎಂದು ನಾನು ರಾತ್ರಿ ಮುಂದಿನ ಪುಟಗಳನ್ನು ಕದ್ದು ನೋಡುತ್ತಿದ್ದೆ. ಬಂದರೆ ಅವಳಿಗೆ ಹೇಗಾದೀತು ಎಂದು ಹೆದರಿಕೆ, ಬರದಿದ್ದರೆ ನಿರಾಸೆ. ಬರಲಿಲ್ಲ.

ಕೊನೆಯ ಅಧ್ಯಾಯದಲ್ಲಿ ಆ ಗೃಹಸ್ಥ ಒಬ್ಬನೇ ಸಾಯುತ್ತಾನೆ. ಅವನ ಮನೆಗೆ ಬೇರೆ ಬಾಡಿಗೆಯವರು ಬರುತ್ತಾರೆ. ಒಂದು ದಿನ ದೂರದ ಊರಿನ ಹುಡುಗಿಯೊಬ್ಬಳು ಬಾಗಿಲಿಗೆ ಬಂದು, "ಇದು ನಮ್ಮಜ್ಜಿಗೆ ಸಿಕ್ಕಿತ್ತು, ಇಲ್ಲಿಯವರದೇನು?" ಎಂದು ಅದೇ ದಂತದ ಹಣಿಗೆಯನ್ನು ತೋರಿಸುತ್ತಾಳೆ. ಆ ಮನೆಯವರು ನಮ್ಮದಲ್ಲ ಎನ್ನುತ್ತಾರೆ. ಹುಡುಗಿ ತಿರುಗಿ ಹೋಗುತ್ತಾಳೆ. ಅಲ್ಲಿಗೆ ಪುಸ್ತಕ ಮುಗಿಯಿತು.

ಚಂದ್ರಾಬಾಯಿ ಅತ್ತು ಬಿಕ್ಕಳಿಕೆ ಹತ್ತಿಸಿಕೊಂಡಳು. "ನಾ ಅಂದಿದ್ದಿಲ್ಲೇನು? ಉಣ್ಣದ ಸತ್ತ," ಎಂದಳು ಕಾಶೀಬಾಯಿ. ನಾನೂ ಅಳುತ್ತಿದ್ದೆ. ಅತ್ತೆ ಮಾತ್ರ ಒಂದು ಹಿಡಿ ಶೇಂಗಾ ಕೈಯಲ್ಲಿ ಹಿಡಿದವಳು ಹಾಗೆಯೇ ಕೂತಿದ್ದಳು.

"ಬಂದಿತ್ತಲ್ಲ," ಎಂದಳು. "ಬಾಗಲಿಗೇ ಬಂದಿತ್ತು. ಖೂನ ಗೊತ್ತಿದ್ದಾವರು ಒಬ್ಬರೂ ಇರಲಿಲ್ಲ."

ಆ ಸಂಜೆ ಉಣ್ಣಲಿಲ್ಲ. ಮರುದಿನ ನೀರು ಕಾದವೇ ಎಂದು ಕೇಳಲಿಲ್ಲ. ಪುಸ್ತಕ ಮುಗಿದದ್ದರಿಂದ ನನ್ನ ಮೇಲೆ ಸಿಟ್ಟೋ ಏನೋ ಎಂದು ನಾನು ಅಂಜಿದೆ. ಬೇಸ್ತವಾರ ಬೆಳಿಗ್ಗೆ "ಏ ಮುಲ್ಕಿ, ಸೀರಿ ಉಟಗೋ, ಅಕ್ಕಲಕೋಟಕ್ಕ ಹೋಗೂಣು" ಎಂದಳು.

ಮೋಟಾರು ಇಳಿದ ಕೂಡಲೇ ಎಂದಿನಂತೆ ಅಂಗಡಿಗಳ ಕಡೆ ನಡೆದಳು. ಪಾನಪಟ್ಟಿಯವನು ನಮ್ಮನ್ನು ಕಂಡು ನಗಲು ಸಿದ್ಧನಾದ. ಅತ್ತೆ ಅವನಿಗೆ ಏನೂ ಕೇಳಲಿಲ್ಲ. ನನ್ನ ರಟ್ಟೆ ಹಿಡಿದು ಮುಂದೆ ನಿಲ್ಲಿಸಿದಳು.

"ಈಕಿನ್ನ ಖೂನ ಇಟಗೋರಿ. ನಮ್ಮ ಸ್ವಸಿ, ಕಮಲಾ. ನಾ ಇಲ್ಲದಾಗ ಸಾಮಾನ ಸಿಕ್ರ ಈಕಿಗಿ ಹ್ಞೂ ಅನ್ರಿ. ಈಕಿಗಿ ಎಲ್ಲಾ ಗೊತ್ತೈತಿ."

ನನಗೆ ಏನೂ ಗೊತ್ತಿರಲಿಲ್ಲ. ಅವಳ ಬಾಯಲ್ಲಿ ನನ್ನ ಹೆಸರು ಕೇಳಿದ್ದೇ ಅದು ಮೊದಲು. ಪಾನಪಟ್ಟಿಯವನು ನಗಲಿಲ್ಲ. "ಆಗಲಿ ತಾಯಿ," ಎಂದ. ಅತ್ತೆ ಒಂದೊಂದು ಅಂಗಡಿಯ ಮುಂದೆಯೂ ನನ್ನನ್ನು ನಿಲ್ಲಿಸಿ ಅದನ್ನೇ ಹೇಳಿದಳು. ಕೊನೆಗೆ ಮಠದ ಹತ್ತಿರ ನೆರಳಿಗೆ ಕರೆದುಕೊಂಡು ಹೋಗಿ, ಅತ್ತಿತ್ತ ನೋಡಿ, ನನ್ನ ಕಿವಿಗೆ ಬಾಯಿಟ್ಟು ಹೇಳಿದಳು. ಅದು ಯಾವ ವಸ್ತು ಎಂಬುದನ್ನು. ಆಮೇಲೆ ಅದರ ಖೂನವನ್ನು. ಆ ಖೂನ ಅಕ್ಕಸಾಲಿಗ ಮಾಡಿದ್ದಲ್ಲ, ಭಾಗಿ ಮಾಡಿದ್ದು. ಅದನ್ನು ಅವಳು ಯಾವಾಗ, ಹೇಗೆ ಮಾಡಿದಳು, ಮಾಡಿ ಹೇಗೆ ನಕ್ಕಳು ಎಂಬುದನ್ನೂ ಅತ್ತೆ ಹೇಳಿದಳು. ನನಗೆ ತಡೆಯಲಾಗಲಿಲ್ಲ, ಅಲ್ಲೇ ಅತ್ತುಬಿಟ್ಟೆ.

"ಯಾಕ ಅಳ್ತಿ? ಚಂದ್ರಾಬಾಯಿ ಆದೇನು?" ಎಂದಳು. ತನ್ನ ಸೆರಗಿನಿಂದಲೇ ನನ್ನ ಮುಖ ಒರೆಸಿದಳು. "ಯಾರ ಮುಂದೂ ಹೇಳಬ್ಯಾಡವಾ. ನನ್ನ ಮಗನ ಮುಂದೂ ಬ್ಯಾಡ."

ಅತ್ತೆ ಹೋಗಿ ಬಹಳ ಕಾಲವಾಯಿತು. ನನ್ನ ಗಂಡನೂ ಕೇಳದೆಯೇ ಹೋದರು. ಆ ಅಂಗಡಿಗಳಲ್ಲಿ ಈಗ ಕೂತಿರುವವರು ಮೊಮ್ಮಕ್ಕಳಿರಬೇಕು. ಹೋದಾಗಲೆಲ್ಲ ನಾನು ಕೇಳುತ್ತೇನೆ, ಅವರು "ಎಂಥಾದ್ದು ಆಜಿ?" ಎನ್ನುತ್ತಾರೆ, ನಾನು ಹೇಳುವುದಿಲ್ಲ. ಇಷ್ಟುದ್ದ ಬರೆದು ಆ ವಸ್ತು ಯಾವುದೆಂದು ಬರೆಯಲೇ ಇಲ್ಲವಲ್ಲ ಎಂದು ನೀವೂ ಅಭಿಪ್ರಾಯ ಹೇಳುತ್ತೀರಿ, ಗೊತ್ತು. ಹೇಳಿ, ಬೇಸರವಿಲ್ಲ. ಆದರೆ ನಿಮ್ಮ ಮನೆಯ ಹಿರಿಯರಲ್ಲಿ ಯಾರಾದರೂ ಎಂದೋ ಅಕ್ಕಲಕೋಟದಲ್ಲಿ ಮೋಟಾರು ಹತ್ತುವಾಗ ಬೆಳ್ಳಿಯದೊಂದನ್ನು ಹೆಕ್ಕಿಕೊಂಡಿದ್ದರೆ, ಅದು ಇನ್ನೂ ನಿಮ್ಮ ಯಾವುದೋ ಡಬ್ಬಿಯ ತಳದಲ್ಲಿದ್ದರೆ, ಸಿಕ್ಕಿದೆ ಅನ್ನಿ. ಖೂನ ಹೇಳಲು ನಾನಿನ್ನೂ ಇದ್ದೇನೆ.